ಚಿಕ್ಕಮ್ಮನ ಜಪಾನಿ ಮಗ

ನಮ್ಮ ಚಿಕ್ಕಮ್ಮನಿಗೆ ಜಪಾನಿನಲ್ಲಿ ಒಬ್ಬ ಮಗನಿದ್ದಾನೆ. ಆ ವಿಷಯ ಅವನಿಗೆ ಇನ್ನೂ ಗೊತ್ತಿಲ್ಲ, ಅಷ್ಟೆ!

ಅವನು ಸಿನಿಮಾ ನಿರ್ದೇಶಕ. ನನ್ನ ಬಾಣಂತನಕ್ಕೆಂದು ಮೈಸೂರಿನಿಂದ ಐರ್ಲೆಂಡಿನ ಲೂಕನ್‌ಗೆ ಬಂದ ಚಿಕ್ಕಮ್ಮ, ಕೊರೊನಾ ಬಂದು ವಿಮಾನಗಳು ನಿಂತು, ನಮ್ಮ ಸೋಫಾದ ಮೇಲೆ ಸಿಕ್ಕಿಹಾಕಿಕೊಂಡರು. ಮಗು ಮಲಗಿದ್ದ ಒಂದು ಮಧ್ಯಾಹ್ನ ಟಿ.ವಿ.ಯಲ್ಲಿ ಅವನ ಚಿತ್ರ ಕಣ್ಣಿಗೆ ಬಿತ್ತು. ಒಂದು ಕುಟುಂಬ ಕೂತು ಊಟ ಮಾಡುತ್ತದೆ. ಹೆಚ್ಚುಕಮ್ಮಿ ಅಷ್ಟೇ ಕಥೆ. ನನಗೆ ನಿದ್ದೆ ಬಂತು. ಚಿಕ್ಕಮ್ಮನಿಗೆ ಮಗ ಸಿಕ್ಕಿದ!

ಅವನು ಬಹಳ ಕಾಲ ಬೇರೆಯವರ ಚಿತ್ರಗಳಿಗೆ ಕಥೆ ಬರೆದುಕೊಡುತ್ತಿದ್ದನಂತೆ ಎಂದು ನನ್ನ ಗಂಡ ಬಾಯಿಬಿಟ್ಟಿದ್ದೇ ತಪ್ಪಾಯಿತು. "ಹಾಗಾದ್ರೆ ಮೊದಲಿಂದ ಹಾಕಿ. ಒಂದನೇ ಕ್ಲಾಸು ಬಿಟ್ಟು ಯಾರಾದ್ರೂ ಡಿಗ್ರಿಗೆ ಸೇರ್ತಾರಾ?" ಎಂದು ಚಿಕ್ಕಮ್ಮ ಹಟ ಹಿಡಿದರು. ಇಂಗ್ಲಿಷ್ ಸಬ್‌ಟೈಟಲ್ಲು ಓದುವಷ್ಟರಲ್ಲಿ ಹಾರಿಹೋಗುತ್ತಿತ್ತು. "ಮುಖ ನೋಡಿದ್ರೆ ಗೊತ್ತಾಗಲ್ವೇನೆ?" ಎನ್ನುವರು. ಹಳೆಯ ಚಿತ್ರಗಳನ್ನು ನೋಡುತ್ತಾ, "ಪಾಪ, ಕಷ್ಟಪಟ್ಟು ಬರೆದಿದಾನೆ, ಈ ಡೈರೆಕ್ಟರು ಕೆಡಿಸಿಟ್ಟ!" ಎಂದು ಹಲ್ಲು ಕಡಿಯುತ್ತಿದ್ದರು. ಅವನೇ ನಿರ್ದೇಶಿಸಿದ ಮೊದಲ ಚಿತ್ರ ನೋಡಿದ ದಿನ ಮನೆಯಲ್ಲಿ ಶಾವಿಗೆ ಪಾಯಸ! ಬೇಲಿಯಾಚೆಯ ಐರಿಷ್ ಅಜ್ಜಿಗೂ "ಮೈ ಸನ್, ಫಿಲಂ!" ಎಂದು ಒಂದು ಬಟ್ಟಲು ದಾಟಿತು. ಅಂದಿನಿಂದ ಆಕೆ ದಿನಾ "ಹೌ ಈಸ್ ಯುವರ್ ಸನ್?" ಎಂದು ವಿಚಾರಿಸುವಳು. "ಗ್ರ್ಯಾಂಡ್, ಗ್ರ್ಯಾಂಡ್!" ಎನ್ನುವರು ಚಿಕ್ಕಮ್ಮ, ಚೆನ್ನಾಗಿದಾನೆ ಅನ್ನೋದಕ್ಕೆ ಇಲ್ಲಿಯವರು ಹೇಳುವ ಹಾಗೇ. ಸುಳ್ಳೇನಿದೆ ಅದರಲ್ಲಿ?

ಅಷ್ಟರಲ್ಲಿ ಮೈಸೂರಿನಲ್ಲಿ ಚಿಕ್ಕಪ್ಪನಿಗೆ ಕೊರೊನಾ ತಗುಲಿತು. ಆಸ್ಪತ್ರೆಗೆ ಸೇರಿಸಿದರು. ಹೋಗೋಣವೆಂದರೆ ದಾರಿಯಿಲ್ಲ. ನಮ್ಮ ಮಧ್ಯಾಹ್ನ ಅಲ್ಲಿಗೆ ಸಂಜೆ; ಆ ಹೊತ್ತಿಗೆ ನರ್ಸೊಬ್ಬಳು ಚಿಕ್ಕಪ್ಪನ ಕಿವಿಗೆ ಫೋನು ಹಿಡಿಯುತ್ತಿದ್ದಳು. ಆಕ್ಸಿಜನ್ ಹಾಕಿದ್ದ ಅವರಿಗೆ ಮಾತಿಲ್ಲ, ಬರೀ ಹೂಂಗುಟ್ಟುವರು. ಇವರಾದರೂ ಏನು ಮಾತಾಡಬೇಕು? ಹರೆಯದಲ್ಲಿ ಮ್ಯಾಟಿನಿ ನೋಡಿಬಂದು ಇಡೀ ವಠಾರಕ್ಕೆ ಕಥೆ ಹೇಳಿದ ಹೆಂಗಸು! ಮಗನ ಸಿನಿಮಾ ಕಥೆಯನ್ನೇ ಹೇಳತೊಡಗಿದರು. ಜಪಾನಿನವರಿಗೆಲ್ಲ ಮೈಸೂರಿನ ಹೆಸರು ಇಟ್ಟರು. "ಕೇಳ್ರೀ, ಆ ಶಾರದ ಇದಾಳಲ್ಲ, ಗಂಡನ ಹತ್ರ ಮಾತೇ ಬಿಟ್ಟಿದಾಳೆ..." ಒಳ್ಳೇ ಘಟ್ಟಕ್ಕೆ ಬಂದಾಗ, "ಮಿಕ್ಕಿದ್ದು ನಾಳೆ" ಎಂದು ಫೋನು ಇಟ್ಟುಬಿಡುವರು.

"ಪೂರ್ತಿ ಹೇಳಬಾರದಾ ಚಿಕ್ಕಮ್ಮ?" ಎಂದೆ.

"ಪೂರ್ತಿ ಹೇಳಿಬಿಟ್ರೆ ನಾಳೆ ಯಾತಕ್ಕೆ ಕಾಯ್ತಾರೆ ಅವರು?"

ಮರುದಿನದಿಂದ ನಾನೇ ಅವರ ಫೋನು ಚಾರ್ಜು ಮಾಡಿಡತೊಡಗಿದೆ.

ಒಂದು ಬೆಳಿಗ್ಗೆ ಚಿಕ್ಕಮ್ಮನ ಮೈದುನ ಫೋನು ಮಾಡಿದರು. ಚಿಕ್ಕಪ್ಪ ಹೋಗಿದ್ದರು. ಚಿಕ್ಕಮ್ಮ ತಲೆಗೆ ನೀರು ಹಾಕಿಕೊಂಡು ಬಂದು, ಒದ್ದೆ ಕೂದಲಲ್ಲೇ ಸೋಫಾದ ಮೇಲೆ ಕೂತರು. ಅಳುತ್ತಾರೆಂದು ನಾನು ಕಾದೆ.

"ನಿನ್ನೆ ಕಥೆ ಅರ್ಧಕ್ಕೆ ನಿಂತಿದೆ ಕಣೆ" ಎಂದರು.

ಆಮೇಲೆ ಕಿಟಕಿಯ ಕಡೆ ತಿರುಗಿದರು. ಕೈಯಲ್ಲಿ ಫೋನಿರಲಿಲ್ಲ. "ಕೇಳ್ರೀ, ಶಾರದ ಬಾಗಿಲು ತೆಗೆದಳು. ಗಂಡ ಚಳೀಲಿ ನಿಂತಿದ್ದ. ಊಟ ಆಯ್ತಾ ಅಂತ ಕೇಳಿದಳು..."

ಅಲ್ಲಿಗೆ ನಿಲ್ಲಿಸಿದರು. ಕಥೆ ಹೇಳುವವರಿಗೆ ಎದುರಿಗೆ ಹೂಂಗುಟ್ಟುವವರು ಬೇಕು. ಇಲ್ಲದಿದ್ದರೆ ಮುಂದಿನ ಮಾತು ಹೊರಡುವುದಿಲ್ಲ.

ನಾನು ಮಗುವನ್ನೆತ್ತಿಕೊಂಡು ಅವರ ಪಕ್ಕದಲ್ಲಿ ಕೂತು, "ಹೂಂ" ಎಂದೆ.