ರೋಬೋಟಿನ ಕಿವಿಗೆ ಕೆಂಪು ದಾರ

"ಕದ್ದ ಸಿನಿಮಾ ನನ್ನ ಮನೆ ಹೊಸ್ತಿಲು ದಾಟಕೂಡದು!" ಎಂದು ಟೈಲರಮ್ಮ ಕತ್ತರಿ ಎತ್ತಿ ಸಾರಿದರು.

ಟಿವಿ ರಿಪೇರಿ ಮಾಡುವ ಅವರ ಅಳಿಯ, ತಾನೇ ಯೋಚಿಸುವ ಯಂತ್ರದ ಬಗ್ಗೆ ಒಂದು ಸಿನಿಮಾ ತೆಗೆದಿದ್ದ. ಕ್ಯಾಮೆರಾ ಎರವಲು, ನಟರೆಲ್ಲ ನೆಂಟರು, ಅಂತರಿಕ್ಷ ನೌಕೆ ಅಂದರೆ ತಾರಸಿಯ ನೀರಿನ ಟ್ಯಾಂಕು! ಅಂತೂ ಅದು ಒಂದು ಆ್ಯಪಿನಲ್ಲಿ ಬಿಡುಗಡೆಯಾಗಿತ್ತು. ಮಹಡಿ ಮೇಲಿನ ಓರಗಿತ್ತಿ ಎಲ್ಲಿಂದಲೋ ಪೆನ್ ಡ್ರೈವಿನಲ್ಲಿ ಕಾಪಿ ತಂದಿದ್ದಳು.

"ಪುಕ್ಕಟೆ ಸಿಕ್ಕಿರುವಾಗ ದುಡ್ಡು ಕೊಟ್ಟು ಆ್ಯಪಿನಲ್ಲೇ ನೋಡೋ ಪಾಡು ಯಾಕಕ್ಕಾ?"

"ಕದಿಯೋದು ಕೆಲವರಿಗೆ ಅಭ್ಯಾಸ. ನನಗಿಲ್ಲ."

ಓರಗಿತ್ತಿಯ ಮುಖ ಗಂಟಾಯಿತು. ಎಂಟು ತಿಂಗಳ ಹಿಂದೆ ಟೈಲರಮ್ಮನ ತರಕಾರಿ ತೊಳೆಯುವ ತೂತಿನ ಪಾತ್ರೆ ಮಾಯವಾಗಿತ್ತು. ಕೊನೆಯ ಸಲ ಕೇಳಿ ಒಯ್ದವಳು ಓರಗಿತ್ತಿ. ಅವಳು ವಾಪಸ್ ಇಟ್ಟೆ ಅಂತಾಳೆ, ಇವರು ಇಲ್ಲ ಅಂತಾರೆ. ಅಂದಿನಿಂದ ಮೆಟ್ಟಿಲು ಒಂದೇ ಆದರೂ ಮುಖ ಎರಡು ದಿಕ್ಕಿಗೆ. ಅಳಿಯನ ಒತ್ತಾಯಕ್ಕೆ ಇವತ್ತು ಒಂದೇ ಸೋಫಾ!

ಅಳಿಯ ಅತ್ತೆಯ ಫೋನನ್ನು ಟಿವಿಗೆ ಜೋಡಿಸಿ, ಆ್ಯಪ್ ತೆರೆದು ಅವರ ಕೈಗೇ ಕೊಟ್ಟ. ಟೈಲರಮ್ಮ ಒಂದೊಂದೇ ಅಕ್ಷರ ಕೂಡಿಸಿ ಓದಿದರು. 'ನೀವು ರೋಬೋಟ್ ಅಲ್ಲ ಎಂದು ಸಾಬೀತುಪಡಿಸಿ. ಬಸ್ಸಿರುವ ಚೌಕಗಳನ್ನು ಒತ್ತಿ.'

ತಕ್ಷಣ ಎದ್ದು ಹೋಗಿ ಅಳತೆ ಟೇಪು ತಂದರು!

"ಈ ಚೌಕದೊಳಗೆ ಬಸ್ಸಿನ ಕನ್ನಡಿ ಒಂದು ನೂಲಷ್ಟು ಬಂದಿದೆ. ಬಿಟ್ಟರೆ ಸುಳ್ಳು ಹೇಳಿದ ಹಾಗಾಗುತ್ತೆ."

ಒತ್ತಿದರು. 'ಮತ್ತೊಮ್ಮೆ ಪ್ರಯತ್ನಿಸಿ.' ಬಿಟ್ಟು ನೋಡಿದರು. 'ಮತ್ತೊಮ್ಮೆ ಪ್ರಯತ್ನಿಸಿ.' ಓರಗಿತ್ತಿ ಆಕಳಿಸಿದಳು, ಅಳಿಯ ಬೆವರಿದ. ಹನ್ನೊಂದನೇ ಸಲಕ್ಕೆ ಯಂತ್ರವೇ ಸುಸ್ತಾಗಿ ಟೈಲರಮ್ಮನನ್ನು ಮನುಷ್ಯರ ಪಟ್ಟಿಗೆ ಸೇರಿಸಿಕೊಂಡಿತು.

ಸಿನಿಮಾ ಶುರುವಾಯಿತು. ಹೊಗೆ! ಗುಡುಗು! ಭೂಮಂಡಲವನ್ನೇ ಆಳಲು ಹೊರಟ ರೋಬೋಟ್ ಧಡಧಡ ನಡೆದು ಬಂತು. ಕಣ್ಣಿಗೆ ಟಾರ್ಚು, ಎದೆಗೆ ಹಳೇ ಟಿವಿ, ತಲೆಗೆ…

"ನಿಲ್ಲಿಸಿ!"

ಟೈಲರಮ್ಮ ಟಿವಿಗೆ ಮೂಗು ತಾಗಿಸಿ ನಿಂತರು. ರೋಬೋಟಿನ ಎಡಗಿವಿ, ಅಂದರೆ ತೂತಿನ ಪಾತ್ರೆಯ ಮುರಿದ ಹಿಡಿ. ಅದಕ್ಕೆ ಸುತ್ತಿದ ಕೆಂಪು ದಾರ. ಬೆರಳಿಟ್ಟು ಎಣಿಸಿದರು. ಏಳು ಸುತ್ತು, ಕೊನೆಗೆ ಗುಂಡಿ ಹೊಲಿಯುವಾಗ ಹಾಕುವ ಗಂಟು. ಆ ಗಂಟು ಹಾಕುವ ಕೈ ಇಡೀ ಬೀದಿಯಲ್ಲಿ ಒಂದೇ!

"ಅಳಿಯಂದ್ರೇ… ಇದು ನನ್ನ ಪಾತ್ರೆ!"

"ಹೂಂ ಅತ್ತೆ. ಅಡುಗೆಮನೆ ಕಿಟಕಿ ಮೇಲಿತ್ತು, ತಗೊಂಡೆ. ಕೊನೇ ಸೀನಲ್ಲಿ ತಲೆ ಸಿಡಿದು ಚೂರಾಗುತ್ತಲ್ಲ, ಅದಕ್ಕೇ ವಾಪಸ್ ತರೋಕಾಗಲಿಲ್ಲ."

"ಕಿಟಕಿ ಮೇಲೇ ಇಟ್ಟೆ ಅಂತ ಎಂಟು ತಿಂಗಳಿಂದ ಬಡ್ಕೋತಾ ಇದೀನಿ," ಅಂದಳು ಓರಗಿತ್ತಿ. ಆಮೇಲೆ ಕಾಲ ಮೇಲೆ ಕಾಲು ಹಾಕಿ, ಆರಾಮಾಗಿ ಒರಗಿದಳು. "ಈಗ ಹೇಳಿ ಅಕ್ಕಾ, ನಾನು ಕಳ್ಳಿ ಅಲ್ಲ ಅಂತ."

ಟೈಲರಮ್ಮ ಟೇಪು ಸುತ್ತುತ್ತಾ ನೆಲ ನೋಡಿಕೊಂಡು ಗೊಣಗಿದರು. "ನೀನು ಕಳ್ಳಿ ಅಲ್ಲಮ್ಮ."

"ಮತ್ತೊಮ್ಮೆ ಪ್ರಯತ್ನಿಸಿ."

ಹನ್ನೊಂದನೇ ಸಲಕ್ಕೆ ಓರಗಿತ್ತಿಯೂ ಅವರನ್ನು ಮನುಷ್ಯರ ಪಟ್ಟಿಗೆ ಸೇರಿಸಿಕೊಂಡಳು!