ಕರಿಯವ್ವನ ತಿರುಗಾಟ

ಬೆಟಗೇರಿಯ ಕುಬೇರಪ್ಪ ಅಂದು ಬೆಳಿಗ್ಗೆ ಜಳಕ ಮಾಡಿ ದೇವರ ಜಗಲಿಯ ಮುಂದೆ ನಿಂತರೆ, ದೇವರುಗಳೆಲ್ಲ ಇದ್ದರು, ಕರಿಯವ್ವ ಮಾತ್ರ ಇರಲಿಲ್ಲ.

ಕರಿಯವ್ವ ಎಂದರೆ ಮೂರ್ತಿಯಲ್ಲ, ಹಿತ್ತಾಳೆಯ ನಂಬರ್ ಪ್ಲೇಟು. ಬ್ರಿಟಿಷರ ಕಾಲದಲ್ಲಿ ಒಂದೇ ಜಾತಿಯ ಹನ್ನೆರಡು ಉಗಿ ಇಂಜಿನ್ನುಗಳು ಹಡಗಿನಲ್ಲಿ ಬಂದಿಳಿದಿದ್ದವಂತೆ. ಅವುಗಳಲ್ಲಿ ಒಂದಕ್ಕೆ ಕೆಲಸದವರು ಅದರ ಮೈಬಣ್ಣ ನೋಡಿ ಕರಿಯವ್ವ ಎಂದು ಹೆಸರಿಟ್ಟಿದ್ದರು. ಅದು ಗುಜರಿ ಸೇರಿದಾಗ ಕುಬೇರಪ್ಪನ ಅಜ್ಜ ಮುದಕಪ್ಪ ಪ್ಲೇಟು ಬಿಚ್ಚಿಕೊಂಡು ಮನೆಗೆ ತಂದ. ಹೆಸರು ಕೇಳಿದ್ದೇ ಅಜ್ಜಿ ಕೈಮುಗಿದು ಜಗಲಿಯ ಮೇಲಿಟ್ಟಳು. ಅಂದಿನಿಂದ ಮೂರು ತಲೆಮಾರಿನ ಸೊಸೆಯಂದಿರು ಪ್ರತಿ ಸೋಮವಾರ ಹುಣಸೆಹಣ್ಣು ಹಚ್ಚಿ ತಿಕ್ಕಿ ತಿಕ್ಕಿ, ಅಂಕಿಗಳನ್ನೇ ಅಳಿಸಿಬಿಟ್ಟಿದ್ದರು. ಇಂಜಿನ್ನಿನ ದೇವರಲ್ಲವೇ, ನಿಂತದ್ದನ್ನು ಓಡಿಸುತ್ತಾಳೆ ಎಂದು ಓಣಿಯ ನಂಬಿಕೆ. ಯಾರದೇ ಕೆಲಸ ನಿಂತರೂ ಕರಿಯವ್ವನನ್ನು ಒಯ್ಯುವುದು, ಕೆಲಸ ಸಾಗಿದ ಮೇಲೆ ಕುಪ್ಪಸದ ಖಣ, ತೆಂಗಿನಕಾಯಿ ಸಮೇತ ತಂದಿಡುವುದು ರೂಢಿಯಾಗಿತ್ತು.

ಅವತ್ತೇ ಸಂಜೆ ನಾಲ್ಕಕ್ಕೆ ಹುಬ್ಬಳ್ಳಿಯಿಂದ ನಂದೀಶ ಬರುವವನಿದ್ದ. ಆ ಹನ್ನೆರಡು ಇಂಜಿನ್ನುಗಳ ಚರಿತ್ರೆ ಬರೆಯುತ್ತಿದ್ದವನು ಅವನು. ಹನ್ನೊಂದರ ಕತೆ ಮುಗಿದಿತ್ತು, ಹನ್ನೆರಡನೆಯದರ ನಂಬರು ಸಿಗದೆ ಒದ್ದಾಡುತ್ತಿದ್ದ. ಪ್ಲೇಟು ಸಿಕ್ಕರೆ ಅಜ್ಜನ ಹೆಸರೂ ಪುಸ್ತಕ ಸೇರುತ್ತದೆ ಎಂದು ಮಾತು ಕೊಟ್ಟಿದ್ದ. ಅಜ್ಜ ಇದೇ ಇಂಜಿನ್ನಿನಲ್ಲಿ ಗುಂತಕಲ್ಲಿನ ತನಕ ಮೇಲ್ ಗಾಡಿ ಓಡಿಸುತ್ತಿದ್ದ ಎಂದು ಕುಬೇರಪ್ಪ ಮೂವತ್ತು ವರ್ಷದಿಂದ ಹೇಳುತ್ತ ಬಂದಿದ್ದ. ಎದುರುಮನೆಯ ಮೈಲಾರಲಿಂಗಪ್ಪ ಮಾಸ್ತರರು ಮೂವತ್ತು ವರ್ಷದಿಂದ ಅದನ್ನು ಕೇಳಿ ಮೀಸೆಯಲ್ಲೇ ನಗುತ್ತಿದ್ದರು. ಆ ನಗು ಇವತ್ತು ನಿಲ್ಲಲೇಬೇಕಿತ್ತು.

"ಕರಿಯವ್ವ ಎಲ್ಲದಾಳ?" ಎಂದ ಹೆಂಡತಿಗೆ.

ಅನ್ನವ್ವ ರೊಟ್ಟಿ ಬಡಿಯುವುದನ್ನು ನಿಲ್ಲಿಸಲಿಲ್ಲ. "ಬಾಜೂಮನಿ ಗುರುಸಿದ್ದವ್ವಕ್ಕ ಹೋದ ವಾರನ ಒಯ್ದಾಳ್ರಿ. ಲಕ್ಷ್ಮೇಶ್ವರದಾಗ ಆಕಿ ತಂಗಿ ಮಗಳ ಲಗ್ನ ಕೂಡವಲ್ದಂತ."

ಟ್ರಂಕಿನ ತುಂಬ ಖಣ ಕೂಡಿಟ್ಟವಳಿಗೆ ಇಲ್ಲ ಎನ್ನುವ ಬಾಯಿ ಎಲ್ಲಿಂದ ಬರಬೇಕು? ಕುಬೇರಪ್ಪ ಬೈಕು ಹತ್ತಿದ.

ಲಕ್ಷ್ಮೇಶ್ವರದಲ್ಲಿ ಲಗ್ನ ಕೂಡಿ, ಕರಿಯವ್ವ ಮುಂದೆ ಹೋಗಿದ್ದಳು. ಶಿರಹಟ್ಟಿಯಲ್ಲಿ ಬೀಗರ ಎಮ್ಮೆಗೆ ದಿನ ತುಂಬಿದರೂ ಈದಿರಲಿಲ್ಲವಂತೆ. ಶಿರಹಟ್ಟಿಗೆ ಹೋದರೆ ಎಮ್ಮೆ ಈದಿತ್ತು, ಕುಬೇರಪ್ಪನ ಕೈಗೆ ಒಂದು ತಟ್ಟೆ ಗಿಣ್ಣ ಸಿಕ್ಕಿತು, ಕರಿಯವ್ವ ಸಿಗಲಿಲ್ಲ. ಮುಂಡರಗಿಯ ಮುತ್ತವ್ವನ ಹಿಟ್ಟಿನ ಗಿರಣಿ ಕೆಟ್ಟು ನಿಂತಿದ್ದರಿಂದ ಅಲ್ಲಿಗೆ ಪಯಣ ಬೆಳೆಸಿದ್ದಳು.

ಮುಂಡರಗಿಯಲ್ಲಿ ಗಿರಣಿ ದಡದಡ ಓಡುತ್ತಿತ್ತು. ಮೈತುಂಬ ಹಿಟ್ಟು ಬಳಿದುಕೊಂಡು ಕರಿಯವ್ವ ಮೋಟಾರಿನ ಪಕ್ಕ ಕುಳಿತಿದ್ದಳು. ಎತ್ತಿದರೆ ಗಿರಣಿ ನಿಲ್ಲುತ್ತದೆ ಎಂದು ಮುತ್ತವ್ವ ಹಟ ಹಿಡಿದಳು. ಸರದಿಯಲ್ಲಿ ನಿಂತ ಹೆಂಗಸರೆಲ್ಲ ಅವಳ ಕಡೆಯೇ ಆದರು. ತಮ್ಮ ಜೋಳ ಮುಗಿಯುವ ತನಕ ದೇವರನ್ನು ಮುಟ್ಟಕೂಡದೆಂದು ಕುಬೇರಪ್ಪನನ್ನು ಚೀಲಗಳ ಮೇಲೆ ಕೂಡಿಸಿದರು. ಹನ್ನೊಂದು ಚೀಲ ಬೀಸಿ ಮುಗಿಯುವಷ್ಟರಲ್ಲಿ ಅವನ ಹುಬ್ಬೂ ಬೆಳ್ಳಗಾಗಿತ್ತು.

ನಾಲ್ಕೂವರೆಗೆ ಪ್ಲೇಟನ್ನು ಹೊಟ್ಟೆಗೆ ಕಟ್ಟಿಕೊಂಡು ಮನೆಗೆ ಬಂದರೆ ಓಣಿಯೇ ನೆರೆದಿತ್ತು. ಮಾಸ್ತರರು ಮುಂದಿನ ಸಾಲಿನಲ್ಲಿದ್ದರು. ನಂದೀಶ ಪ್ಲೇಟಿನ ಮೇಲೆ ತೆಳುವಾದ ಕಾಗದವಿಟ್ಟು ಪೆನ್ಸಿಲ್ ಉಜ್ಜಿದ. ಸವೆದ ಅಂಕಿಗಳು ಒಂದೊಂದಾಗಿ ಎದ್ದವು. ತನ್ನ ಹಳೆಯ ದಾಖಲೆಗಳನ್ನು ತಿರುವಿ ಹಾಕಿ ಒಂದು ಕಡೆ ಬೆರಳಿಟ್ಟ.

"ಸಿಕ್ತ್ರಿ. ಈ ಇಂಜಿನ್ ಹಳಿ ಮ್ಯಾಲ ಇಳಿಸಿದ ದಿನಾನ ಕೆಟ್ಟ ನಿಂತೈತಿ. ಒಂದ ಗಜಾನೂ ಓಡಿಲ್ಲ. ಹತ್ತೊಂಬತ್ತ ವರ್ಷ ಶೆಡ್ಡಿನಾಗ ನಿಲ್ಲಿಸಿ, ಸಾಹೇಬರ ಜಳಕಕ್ಕ ನೀರ ಕಾಸ್ಯಾರ."

"ಮತ್ತ ನಮ್ಮಜ್ಜ?" ಕುಬೇರಪ್ಪ ದಾಖಲೆಯ ಮೇಲೆ ಬಾಗಿದ.

"ಹೆಸರ ಐತ್ರಿ. ಮುದಕಪ್ಪ, ಬಕೆಟ್ ಹೊರಾಂವ."

ಮಾಸ್ತರರು ಈ ಸಲ ಬಾಯಿ ತೆರೆದೇ ನಕ್ಕರು. ಕುಬೇರಪ್ಪನಿಗೆ ಭೂಮಿ ಬಾಯಿ ಬಿಡಬಾರದೇ ಎನಿಸಿತು. ಇದೊಂದನ್ನು ಬರೆಯಬೇಡಿರೆಂದು ನಂದೀಶನನ್ನು ಒಳಗೆ ಕರೆದು ಬೇಡಿಕೊಂಡ. ನಂದೀಶನೋ, ಇಡೀ ಪುಸ್ತಕದಲ್ಲಿ ಇದೇ ಚಂದದ ಅಧ್ಯಾಯವಾಗುತ್ತದೆ ಎಂದು ಅವನ ಕೈ ಕುಲುಕಿದ.

ಆಗ ಕುಬೇರಪ್ಪನಿಗೆ ಒಂದು ಉಪಾಯ ಹೊಳೆಯಿತು. ಒಂದು ಗಜವೂ ಓಡದ ಇಂಜಿನ್ನಿನ ದೇವರು ಯಾವುದನ್ನು ಓಡಿಸೀತು? ಇದು ನಿಲ್ಲಿಸುವ ದೇವರೇ ಇರಬೇಕು. ನಂದೀಶ ಗಿರ್ಮಿಟ್ಟು ತಿನ್ನುತ್ತಿದ್ದಾಗ ಪ್ಲೇಟನ್ನು ಖಣದಲ್ಲಿ ಸುತ್ತಿ, ಜೀವನದಲ್ಲಿ ಮೊದಲ ಬಾರಿಗೆ ಮನಸಾರೆ ಅದಕ್ಕೆ ಕೈಮುಗಿದು, ಈ ಪುಸ್ತಕ ನಿಲ್ಲಲಿ ತಾಯಿ ಎಂದು ಅವನ ಚೀಲದ ತಳಕ್ಕೆ ತುರುಕಿದ. ಬಸ್ಸು ಹೊರಟ ಮೇಲೆ ಸ್ವಲ್ಪ ಉಸಿರಾಡಿದ.

ಬಸ್ಸು ಅಣ್ಣಿಗೇರಿ ಮುಟ್ಟುವಷ್ಟರಲ್ಲಿ ನಂದೀಶನ ಫೋನು ಬಂತು. ಅನ್ನವ್ವ ಸ್ಪೀಕರ್ ಒತ್ತಿದಳು. ಮಾಸ್ತರರು ಇನ್ನೂ ಕಟ್ಟೆಯ ಮೇಲೆಯೇ ಇದ್ದರು.

"ಕುಬೇರಪ್ಪನವರ, ಚೀಲದಾಗ ಕರಿಯವ್ವನ್ನ ನೋಡಿ ಕಣ್ಣಾಗ ನೀರ ಬಂತ್ರಿ. ನಾ ಹೇಳದಿದ್ರೂ ನಿಮಗ ಹ್ಯಾಂಗ ಗೊತ್ತಾತು? ಎರಡ ವರ್ಷದಿಂದ ಈ ಪುಸ್ತಕಾ ಯಾರೂ ಛಾಪಿಸವಲ್ರಾಗಿದ್ರು. ಈಗ ಪ್ರೆಸ್ಸಿನವರ ಫೋನ್ ಬಂತು, ನಾಳೆನ ಸುರು ಮಾಡ್ತಾರಂತ. ಮುಖಪುಟಕ್ಕ ನಿಮ್ಮಜ್ಜನ ಚಿತ್ರಾನ ಬರಸ್ತೀನಿ, ಬಕೆಟ್ ಸಮೇತ."

ಕುಬೇರಪ್ಪ ಸ್ಪೀಕರ್ ಆರಿಸಲು ಕೈ ಚಾಚಿದ. ಅನ್ನವ್ವ ಫೋನನ್ನು ಅವನ ಬಾಯಿಗೆ ಹಿಡಿದಳು.

"ಕೆಲಸಾ ಆತಂತಲ್ರಿ. ಖಣಾ ಕಾಯಿ ಯಾವಾಗ ಕಳಸ್ತಾರ ಕೇಳ್ರಿ."