ಪೆಲ್ಟನ್ ಕಾಲೇಜಿನ ನೈತಿಕ ಗೆಲುವುಗಳು

ಐಯೋವಾದ ಎಲ್ಕ್ ಫೋರ್ಕ್ ಪಟ್ಟಣದ ಪೆಲ್ಟನ್ ಕಾಲೇಜಿನ ಫುಟ್‌ಬಾಲ್ ತಂಡವು ಕಳೆದ ಋತುವಿನಲ್ಲಿ, ಕೊನೆಯದೊಂದನ್ನು ಬಿಟ್ಟು, ಯಾವ ಪಂದ್ಯದಲ್ಲೂ ಗೆಲ್ಲುವ ತಪ್ಪು ಮಾಡಲಿಲ್ಲ. ಆ ಕೊನೆಯದರ ವಿಷಯವಾಗಿ ಊರಿನಲ್ಲಿ ಈಗಲೂ ಸಂತಾಪವಿದೆ.

ಸೋಲು ಎಲ್ಲ ಊರಿನಲ್ಲೂ ಇದೆ, ಇಲ್ಲವೆನ್ನುವುದಿಲ್ಲ. ಆದರೆ ನಮ್ಮ ಮುಳ್ಳುಹಂದಿಗಳು ಸೋತ ಹಾಗೆ ಸೋಲುವುದಕ್ಕೆ ತಲೆಮಾರುಗಳ ಸಾಧನೆ ಬೇಕು. ಮುಳ್ಳುಹಂದಿಗಳು ಎಂಬುದೇ ತಂಡದ ಹೆಸರು, ಹೆಲ್ಮೆಟ್ಟಿನ ಮೇಲೆ ಚಿತ್ರವೂ ಉಂಟು. ಅಮೆರಿಕದ ಫುಟ್‌ಬಾಲ್ ಎಂದರೆ ಚೆಂಡನ್ನು ಕೈಯಲ್ಲಿ ಹಿಡಿದು ಎದುರಾಳಿಯ ತುದಿಗೆ ಓಡುವ ಆಟ. ಆ ಮೊಟ್ಟೆಯಾಕಾರದ ಚೆಂಡು ಊರಲ್ಲಿದ್ದವರ ಕೈಗೆಲ್ಲ ಹೋಗುತ್ತಿತ್ತು, ನಮ್ಮವರ ಕೈಗೆ ಬಂದರೆ ಮಾತ್ರ ಕೂರುತ್ತಿರಲಿಲ್ಲ. ತಂಡದಲ್ಲಿ ಬೂನ್ ಕ್ರಾಲಿಕ್ ಎಂಬ ಹುಡುಗನಿದ್ದ. ಕಣಜದಂಥ ಮೈ, ಬೆಣ್ಣೆಯಂಥ ಮನಸ್ಸು, ದಿಕ್ಕು ಮಾತ್ರ ತಿಳಿಯದು. ಮೊದಲ ಪಂದ್ಯದಲ್ಲೇ ಚೆಂಡೆಸೆದು ಆಟ ನಡೆಸುವ ನಮ್ಮ ಕ್ವಾರ್ಟರ್‌ಬ್ಯಾಕನ್ನೇ ಎತ್ತಿ ಕೆಡವಿದ. ಇನ್ನೊಮ್ಮೆ ಮೈದಾನಕ್ಕೆಂದು ಹೊರಟವನು ಗ್ರಂಥಾಲಯದಲ್ಲಿ ಸಿಕ್ಕಿದ. ಆ ತಂಡದ ಆಟಗಾರನೊಬ್ಬ ಗ್ರಂಥಾಲಯ ಹೊಕ್ಕ ಏಕೈಕ ಸಂದರ್ಭ ಅದೆಂದು ಗ್ರಂಥಪಾಲಕಿ ಇಂದಿಗೂ ನೆನೆಯುತ್ತಾಳೆ.

ಕೋಚ್ ಓರಿನ್ ಹಾಲ್ವರ್ಸನ್‌ಗೆ ಊಟ ರುಚಿಸದಿದ್ದುದು ಇದರಿಂದಲ್ಲ. ಅವನ ಒಪ್ಪಂದದಲ್ಲಿ ಹೀಗಿತ್ತು: 'ಋತುವಿನಲ್ಲಿ ಕನಿಷ್ಠ ಒಂದು ಗೆಲುವು ಇರತಕ್ಕದ್ದು, ತಪ್ಪಿದಲ್ಲಿ ತರಬೇತುದಾರರು ಹುದ್ದೆಯನ್ನೂ ಕಾಲೇಜಿನ ಮನೆಯನ್ನೂ ತೆರವು ಮಾಡತಕ್ಕದ್ದು.' ಆ ಮನೆಯ ಹಿತ್ತಲಲ್ಲಿ ಹೆಂಡತಿ ಲವರ್ನ್‌ಳ ರೂಬಾರ್ಬ್ ಪಾತಿ ಇತ್ತು. ಆ ಗಿಡ ಬೇರೂರಿ ಪೈ ಎಂಬ ಸಿಹಿತಿನಿಸು ಮಾಡುವಷ್ಟು ದಂಟು ಕೊಡಲು ವರ್ಷಗಳೇ ಹಿಡಿಯುತ್ತವೆ. ಗಂಡನನ್ನು ಬೇಕಾದರೆ ಬೇರೆ ಊರಿಗೆ ಕಿತ್ತು ನೆಡಬಹುದು, ಪಾತಿಯನ್ನು ಸಾಧ್ಯವಿಲ್ಲ ಎಂದು ಲವರ್ನ್ ಸ್ಪಷ್ಟವಾಗಿ ತಿಳಿಸಿದ್ದಳು.

ಐವತ್ತಾರಕ್ಕೆ ಮೂರು ಅಂಕಗಳಿಂದ ಸೋತ ಒಂದು ಶನಿವಾರ ಪತ್ರಕರ್ತರು ಕೇಳಿದಾಗ, ಸೋತ ಕೋಚ್‌ಗಳೆಲ್ಲ ಹೇಳುವುದನ್ನೇ ಓರಿನ್ ಹೇಳಿದ: ನೈತಿಕವಾಗಿ ಗೆದ್ದದ್ದು ನಾವೇ. ಸೋಮವಾರ ಕಾಲೇಜಿನ ಅಧ್ಯಕ್ಷೆ ಡಾಕ್ಟರ್ ಮಾರ್ಜರಿ ಪ್ರೌಟಿ ಅವರಿಂದ ಕರೆ ಬಂತು.

"ಕೋಚ್, ಪೇಪರ್‌ನಲ್ಲಿ ಬಂದಿದ್ದು ನೀವು ಹೇಳಿದ್ದೇನಾ?"

"ಬಾಯಿಗೆ ಬಂದಿದ್ದು ಹೇಳ್ಬಿಟ್ಟೆ ಮೇಡಂ."

"ಒಳ್ಳೇದೇ ಆಯ್ತು. ಒಪ್ಪಂದದಲ್ಲಿ ಬರೀ 'ಗೆಲುವು' ಅಂತಿದೆ. ಯಾವ ಗೆಲುವು ಅಂತ ಎಲ್ಲೂ ಇಲ್ಲ."

ಅಧ್ಯಕ್ಷೆಯ ಉದಾರತೆಗೆ ಕಾರಣವಿತ್ತು. ಈ ಹುದ್ದೆಗೆ ಹಿಂದಿನ ಸಲ ಅರ್ಜಿ ಹಾಕಿದ್ದು ಓರಿನ್ ಒಬ್ಬನೇ, ಅದೂ ಈಜು ಕಲಿಸುವ ಕೆಲಸವೆಂದು ತಿಳಿದು.

ಮರುದಿನವೇ ಪ್ರಕಟಣೆ ಹೊರಬಿತ್ತು. 'ನೈತಿಕ ಗೆಲುವುಗಳನ್ನು ಪರಿಶೀಲಿಸಿ ದೃಢೀಕರಿಸುವ ಸಲುವಾಗಿ ನೀತಿಶಾಸ್ತ್ರದ ಪ್ರೊಫೆಸರ್ ಲೆಲ್ಯಾಂಡ್ ಕ್ವಿಸ್ಟ್ ಅವರನ್ನು ನೈತಿಕ ರೆಫರಿಯಾಗಿ ನೇಮಿಸಲಾಗಿದೆ. ಅವರ ಬಳಿ ಸೀಟಿ ಇರುವುದಿಲ್ಲ. ಅಗತ್ಯಬಿದ್ದಲ್ಲಿ ನಿಟ್ಟುಸಿರು ಬಿಡುವರು.' ಬಿದ್ದ ಎದುರಾಳಿಯನ್ನು ಎತ್ತುವುದು, ಅವನ ಅಮ್ಮನ ಆರೋಗ್ಯ ವಿಚಾರಿಸುವುದು, ಅವನು ಚೆಂಡು ಹೊತ್ತು ಓಡುವಾಗ ದಾರಿ ಬಿಟ್ಟು ಹುರಿದುಂಬಿಸುವುದು ಕಡ್ಡಾಯವಾಯಿತು. ಅಂಕ ತೋರಿಸುವ ಹಲಗೆಯಲ್ಲಿ ನೀತಿಗೆಂದೇ ಮೂರನೆಯ ಅಂಕಣ ಬಂತು.

ಅಲ್ಲಿಂದ ನಮ್ಮನ್ನು ಹಿಡಿಯುವವರೇ ಇಲ್ಲ. ವಾರವಾರವೂ ನೈತಿಕ ಗೆಲುವು. ಎಷ್ಟೋ ವರ್ಷದಿಂದ ಮುಖ ಹಾಕದ ಹಳೆಯ ವಿದ್ಯಾರ್ಥಿಗಳು ಟ್ರಕ್ಕುಗಳಲ್ಲಿ ಬಂದು, ಮೈದಾನದ ಹೊರಗೆ ಸಾಸೇಜು ಸುಡುತ್ತ, ನಾವು ಅಜೇಯರು ಎಂದು ಹಾಡಿದರು. ಆಡಳಿತ ಮಂಡಳಿ ಕೂಡಲೇ ಒಪ್ಪಂದ ತಿದ್ದಿತು: 'ಗೆಲುವು ಎಂದಿರುವಲ್ಲೆಲ್ಲ ನೈತಿಕ ಗೆಲುವು ಎಂದು ಓದಿಕೊಳ್ಳತಕ್ಕದ್ದು, ಅಂಕದ ಗೆಲುವಿನಿಂದ ಅದಕ್ಕೆ ಚ್ಯುತಿ ಬಂದಲ್ಲಿ ಹುದ್ದೆ ಮತ್ತು ಮನೆ, ಪಾತಿ ಸಹಿತ, ತೆರವು.'

ಓರಿನ್ ಸಹಿ ಹಾಕಿದ. ಆದರೆ ಅವನೊಳಗೆ ಯಾರಿಗೂ ಹೇಳಿಕೊಳ್ಳಲಾಗದ ಒಂದು ಚಟ ಉಳಿದಿತ್ತು. ಒಮ್ಮೆಯಾದರೂ ಗೆಲ್ಲಬೇಕು ಅನ್ನಿಸುತ್ತಿತ್ತು.

ಕೊನೆಯ ಪಂದ್ಯ ಡನ್‌ಲೀವಿ ಕಾಲೇಜಿನ ಮೇಲೆ. ಅವರೂ ಋತುವಿಡೀ ಸೋತವರೇ. ನಮ್ಮ ಕೀರ್ತಿ ಕೇಳಿ ತಮ್ಮದೇ ನೀತಿಶಾಸ್ತ್ರದ ಪ್ರೊಫೆಸರನ್ನು ಬಸ್ಸಿನ ಮುಂದಿನ ಸೀಟಿನಲ್ಲಿ ಕೂರಿಸಿಕೊಂಡು ಬಂದಿದ್ದರು. ಎರಡೂ ತಂಡಗಳು ಚೆಂಡನ್ನು ನೀವು ತಗೊಳ್ಳಿ, ಛೆ, ನೀವೇ ತಗೊಳ್ಳಿ ಎಂದು ಉಪಚರಿಸುತ್ತಿದ್ದಂತೆಯೇ ಆಟ ಸೊನ್ನೆಗೆ ಸೊನ್ನೆಯಲ್ಲಿ ಕೊನೆಯ ನಿಮಿಷಕ್ಕೆ ಬಂತು. ಆಗ ಚೆಂಡು ನೆಲಕ್ಕೆ ಬಿದ್ದು, ಪುಟಿದು, ಬೂನ್‌ನ ತೋಳುಗಳಿಗೆ ಬಂದು ಕೂತಿತು. ಹುಟ್ಟಿದಾಗಿನಿಂದ ಅವನು ಹಿಡಿದ ಮೊದಲ ಚೆಂಡು.

ಬೂನ್ ಯೋಚಿಸಿದ. ತಂಡದ ಮಾನ ಉಳಿಸಬೇಕಾದರೆ ಇದನ್ನು ನಮ್ಮದೇ ತುದಿಗೆ ಒಯ್ದು ಬೀಳಬೇಕು, ಅಂಕ ಅವರಿಗೆ ಸಿಗಬೇಕು. ನಿಶ್ಚಯಿಸಿ, ತಲೆ ತಗ್ಗಿಸಿ, ನಮ್ಮ ತುದಿ ಎಂದುಕೊಂಡ ಕಡೆಗೆ ಓಡಿದ. ಎಂದಿನಂತೆ ದಿಕ್ಕು ತಪ್ಪಿತ್ತು.

ಡನ್‌ಲೀವಿಯವರು ಬಾಗಿಲು ತೆರೆದಂತೆ ಸರಿದು ದಾರಿ ಕೊಟ್ಟರು. ಗೆರೆಯ ಪಕ್ಕದಲ್ಲಿ ಓರಿನ್ ಅವನ ಜೊತೆಜೊತೆಗೇ ಓಡಿದ. ತಿರುಗೋ ಎಂದು ಕೂಗಬೇಕು. ಮನೆ, ಪಾತಿ, ಲವರ್ನ್ ಎಲ್ಲ ಕಣ್ಣ ಮುಂದೆ ಬಂದರು. ಬಾಯಿ ತೆರೆದ. ಹೊರಬಿದ್ದದ್ದು ಬೇರೆ:

"ಓಡು ಮಗನೇ, ಓಡು."

ಬೂನ್ ಅವರ ತುದಿ ಮುಟ್ಟಿದ. ಆರಕ್ಕೆ ಸೊನ್ನೆ, ಗೆಲುವು ನಮ್ಮದು. ಡನ್‌ಲೀವಿಯವರು ಒಬ್ಬರನ್ನೊಬ್ಬರು ತಬ್ಬಿಕೊಂಡು ಕುಣಿದರು. ನಮ್ಮ ಕಡೆ ಗಂಡಸರು ಟೋಪಿ ತೆಗೆದು ನಿಂತರು. ಪ್ರೊಫೆಸರ್ ಕ್ವಿಸ್ಟ್ ಬಿಟ್ಟ ನಿಟ್ಟುಸಿರು ವಾಹನ ನಿಲ್ದಾಣದವರೆಗೂ ಕೇಳಿಸಿತು.

ವಿಚಾರಣೆಯಲ್ಲಿ ಬೂನ್ ಕಣ್ಣೀರಿಟ್ಟು, ತಾನು ಶುದ್ಧ ಮನಸ್ಸಿನಿಂದ ಸೋಲಲೆಂದೇ ಓಡಿದ್ದೆ ಎಂದ. ಪ್ರೊಫೆಸರ್ ಕ್ವಿಸ್ಟ್ ಎದ್ದು ನಿಂತರು. ನೀತಿಶಾಸ್ತ್ರದಲ್ಲಿ ಫಲವಲ್ಲ, ಉದ್ದೇಶ ಮುಖ್ಯ. ಆದ್ದರಿಂದ ಇದು ಉದ್ದೇಶದಲ್ಲಿ ಸೋಲು, ಅರ್ಥಾತ್ ನೈತಿಕ ಗೆಲುವು ಎಂದು ತೀರ್ಪಿತ್ತರು. ಕೋಚ್ ಕೂಗಿದ್ದೇನೆಂದು ಅಧ್ಯಕ್ಷೆ ಕೇಳಿದರು. ಓಡು ಅಂದೆ, ಯಾವ ಕಡೆಗೆ ಅಂತ ಹೇಳಿಲ್ಲವಲ್ಲ ಮೇಡಂ, ಎಂದ ಓರಿನ್. ಎಚ್ಚರಿಕೆ ಕೊಟ್ಟು ಬಿಟ್ಟರು. ಬೂನ್‌ಗೆ ಭೂಗೋಳದ ತರಗತಿ ಕಡ್ಡಾಯವಾಯಿತು.

ಆ ಸಂಜೆ ನೆರೆಹೊರೆಯವರು ಸಾವಿನ ಮನೆಗೆ ತರುವ ಹಾಗೆ ಮುಚ್ಚಿದ ಪಾತ್ರೆಗಳಲ್ಲಿ ಆಲೂಗಡ್ಡೆ, ಚೀಸ್ ಹಾಕಿ ಬೇಯಿಸಿದ ತಿನಿಸು ತಂದು, ಓರಿನ್‌ನ ಭುಜ ತಟ್ಟಿ, ಯಾರಿಗಾದರೂ ಆಗಬಹುದಾದದ್ದೇ, ಮನಸ್ಸಿಗೆ ಹಚ್ಚಿಕೊಳ್ಳಬೇಡ ಎಂದು ಸಮಾಧಾನ ಹೇಳಿ ಹೋದರು. ಓರಿನ್ ತಲೆ ತಗ್ಗಿಸಿಕೊಂಡೇ ಎಲ್ಲರನ್ನೂ ಬೀಳ್ಕೊಟ್ಟ.

ಬಾಗಿಲು ಹಾಕಿದ ಮೇಲೆ ಲವರ್ನ್ ಪರದೆ ಎಳೆದು, ರೂಬಾರ್ಬ್ ಪೈ ಕತ್ತರಿಸಿ ಅವನ ಮುಂದಿಟ್ಟಳು.

"ಗೆದ್ದೆ ಕಣೇ," ಎಂದ ಓರಿನ್.

"ಮೆತ್ತಗೆ ಹೇಳು," ಎಂದಳು ಲವರ್ನ್. "ನಾಳೆ ಅವರ ಪಾತ್ರೆ ವಾಪಸು ಕೊಡೋಕೆ ಮುಖ ಬೇಡ್ವಾ?"